ಮೋಗ್ಲಿಯನ್ನು ಹುಡುಕುತ್ತಾ

ತೊಂಬತ್ತರ ದಶಕದಲ್ಲಿ ತೀರ್ಥಹಳ್ಳಿಯ ನಮ್ಮ ಕೇರಿಯಲ್ಲಿ ಟಿವಿ ಇದ್ದದ್ದು ಎರಡೇ ಮನೆಯಲ್ಲಿ. ಭಾನುವಾರ ಬೆಳಿಗ್ಗೆ ಪಕ್ಕದ ಮನೆಯ ನಡುಮನೆಯಲ್ಲಿ ಸಾಲಾಗಿ ಕೂತು ದೂರದರ್ಶನದಲ್ಲಿ 'ಜಂಗಲ್ ಬುಕ್' ಕಾರ್ಟೂನಿನ ಮೋಗ್ಲಿ ನೋಡುತ್ತಿದ್ದೆವು. ಹಿಂದಿ ಅಷ್ಟಾಗಿ ಬರುತ್ತಿರಲಿಲ್ಲ. ಆದರೂ ಗುಲ್ಜಾರ್ ಬರೆದ ಶೀರ್ಷಿಕೆ ಗೀತೆ ಎಲ್ಲರಿಗೂ ಬಾಯಿಪಾಠ. ಅದು ಅನಿಮೆ, ಅಂದರೆ ಜಪಾನಿನ ಕಾರ್ಟೂನ್, 1989ರಲ್ಲಿ ನಿಪ್ಪಾನ್ ಅನಿಮೇಷನ್ ಎಂಬ ಸ್ಟುಡಿಯೊ ಶುರು ಮಾಡಿದ 52 ಕಂತುಗಳ ಸರಣಿ ಎಂದು ಗೊತ್ತಾಗಿದ್ದು ಎಷ್ಟೋ ವರ್ಷದ ಮೇಲೆ.

2020ರ ಲಾಕ್‌ಡೌನ್‌ನಲ್ಲಿ ದೂರದರ್ಶನ ಅದನ್ನು ಮತ್ತೆ ತೋರಿಸಿತು. ಮಧ್ಯಾಹ್ನದ ಹೊತ್ತು ನನಗೆ ಆಫೀಸ್ ಕೆಲಸ, ಬಹಳಷ್ಟು ತಪ್ಪಿಹೋಯಿತು. ಆಮೇಲೆ ಒಂದು ರಾತ್ರಿ ಫೋನಿನಲ್ಲಿ 'ಫ್ರೀ' ಅಂತ ಸೇರಿಸಿ ಹುಡುಕಿದೆ. ಯಾವುದೋ ಸೈಟ್ ತೆರೆದೆ. ಪ್ಲೇ ಒತ್ತಿದರೆ ಬೇರೆ ಪುಟ, ಮತ್ತೆ ಒತ್ತಿದರೆ 'ನಿಮ್ಮ ಫೋನಿಗೆ ವೈರಸ್ ಬಂದಿದೆ' ಎಂಬ ಎಚ್ಚರಿಕೆ. ಗಾಬರಿಯಲ್ಲಿ ನೋಟಿಫಿಕೇಶನ್‌ಗೆ ಒಪ್ಪಿಗೆ ಕೊಡುವ 'ಅಲೋ' (Allow) ಒತ್ತಿಬಿಟ್ಟೆ. ಒಂದು ವಾರ ಹಗಲೂ ರಾತ್ರಿ ರಮ್ಮಿ, ಸಾಲದ ನೋಟಿಫಿಕೇಶನ್! ಕೊನೆಗೆ ತಂಗಿಯ ಮಗ ಬ್ರೌಸರಿನ ಸೆಟ್ಟಿಂಗ್ಸ್‌ಗೆ ಹೋಗಿ, ನೋಟಿಫಿಕೇಶನ್ ಪಟ್ಟಿಯಲ್ಲಿ ಆ ಸೈಟಿನ ಹೆಸರು ಹುಡುಕಿ ತೆಗೆದುಹಾಕಿದ. "ದೊಡ್ಡಮ್ಮ, ಎಪಿಕೆ ಏನೂ ಹಾಕ್ಕೊಂಡಿಲ್ಲ ತಾನೆ?" ಅಂತ ಎರಡು ಸಲ ಕೇಳಿದ. ಎಪಿಕೆ ಅಂದರೆ ಫೋನಿಗೆ ಆ್ಯಪ್ ಹಾಕುವ ಫೈಲ್. ಹಾಕಿಕೊಂಡಿರಲಿಲ್ಲ, ಪುಣ್ಯ.

ಅವತ್ತಿನಿಂದ ನನ್ನ ಹುಡುಕಾಟದ ದಾರಿಯೇ ಬದಲಾಯಿತು. ಮೊದಲು ಜಸ್ಟ್‌ವಾಚ್ ಎಂಬ ವೆಬ್‌ಸೈಟಿನಲ್ಲಿ ದೇಶ ಭಾರತ ಎಂದು ಇಟ್ಟು ಸರಣಿಯ ಹೆಸರು ಹಾಕುತ್ತೇನೆ. ಯಾವ ಆ್ಯಪಿನಲ್ಲಿ ಇದೆ ಎಂದು ಅದು ತೋರಿಸುತ್ತದೆ. ಕ್ರಂಚಿರೋಲ್ ಅನಿಮೆಗೆಂದೇ ಇರುವ ಆ್ಯಪ್. ದುಡ್ಡು ಕೊಡದೆ ನೋಡಬೇಕೆಂದರೆ ಯೂಟ್ಯೂಬಿನಲ್ಲಿ ಮ್ಯೂಸ್ ಏಷ್ಯಾ, ಆನಿ-ಒನ್ ಏಷ್ಯಾ ಇವೆ. ಹಕ್ಕು ಪಡೆದೇ ಹಾಕುವ ಚಾನೆಲ್‌ಗಳು ಇವು. ಆದರೆ ಅಲ್ಲಿ ಹೊಸವೇ ಜಾಸ್ತಿ, ಹಳೆಯವು ಕಡಿಮೆ.

ಯೂಟ್ಯೂಬಿನಲ್ಲೇ ಇದೆ ಅಂದ ಮಾತ್ರಕ್ಕೆ ಸರಿಯಾದದ್ದು ಅಂತಲ್ಲ. ಕದ್ದು ಹಾಕಿದ ವಿಡಿಯೊ ನೋಡಿದರೆ ಎಷ್ಟೋ ಸಲ ಗೊತ್ತಾಗುತ್ತದೆ. ಚಿತ್ರ ಎಡಬಲ ಅದಲುಬದಲಾಗಿರುತ್ತದೆ, ಯಾವುದೋ ಚೌಕಟ್ಟಿನೊಳಗೆ ಸಣ್ಣದಾಗಿರುತ್ತದೆ, ದನಿ ಕೀರಲಾಗಿರುತ್ತದೆ. ಯೂಟ್ಯೂಬಿನ ಕಣ್ಣು ತಪ್ಪಿಸಲು ಹೀಗೆ ಮಾಡುತ್ತಾರೆ. ಒಂದೊಂದು ಚಿತ್ರವನ್ನೂ ಕೈಯಲ್ಲಿ ಬರೆದವರ ಕೆಲಸವನ್ನು ಹಾಗೆ ನೋಡುವುದು ಬೇಸರ ಅಲ್ವಾ? ಸಂಶಯ ಬಂದರೆ ನಾನು ಆ ಸರಣಿ ಮಾಡಿದ ಸ್ಟುಡಿಯೊದ ಸ್ವಂತ ವೆಬ್‌ಸೈಟಿಗೆ ಹೋಗಿ, ಅಲ್ಲಿರುವ ಕೊಂಡಿಯಿಂದಲೇ ಚಾನೆಲ್ ತೆರೆಯುತ್ತೇನೆ.

ನಾವು ಬಾಲ್ಯದಲ್ಲಿ ಕೇಳಿದ ಹಿಂದಿ ಮೋಗ್ಲಿ ಪೂರ್ತಿಯಾಗಿ ಸರಿಯಾದ ಜಾಗದಲ್ಲಿ ನನಗಿನ್ನೂ ಸಿಕ್ಕಿಲ್ಲ. ಹುಡುಕುತ್ತಲೇ ಇದ್ದೇನೆ. ಆ ಹುಡುಕಾಟದಲ್ಲೇ ನೆಟ್‌ಫ್ಲಿಕ್ಸ್‌ನಲ್ಲಿ ಕೌಬಾಯ್ ಬೆಬಾಪ್ ಎಂಬ ಅನಿಮೆ ಸಿಕ್ಕಿತು. ಶಿನಿಚಿರೊ ವಟನಾಬೆ ನಿರ್ದೇಶಿಸಿದ, 1998ರಲ್ಲಿ ಶುರುವಾದ ಸರಣಿ. ಬರೀ 26 ಕಂತು. ಹೊಡೆದಾಟ, ರಕ್ತ ಇದೆ, ಚಿಕ್ಕ ಮಕ್ಕಳಿಗಲ್ಲ. ಯೊಕೊ ಕಾನ್ನೊ ಅವರ ಸಂಗೀತಕ್ಕಾಗಿ ನಾನು ಸುಮ್ನೆ ಕಣ್ಣು ಮುಚ್ಚಿಕೊಂಡೂ ಕೇಳಿದ್ದೇನೆ.

ತಂಗಿಯ ಮಗ ಪಿಯುಸಿ ಮುಗಿಸಿ ಮೈಸೂರಿಗೆ ನಮ್ಮ ಮನೆಗೆ ಬಂದಿದ್ದಾನೆ. ರಾತ್ರಿ ಊಟ ಆದ ಮೇಲೆ ಒಂದೇ ಕಂತು. ನಿನ್ನೆ ಐದನೆಯದು. ಕಥಾನಾಯಕ ಸ್ಪೈಕ್ ಚರ್ಚಿನ ಬಣ್ಣದ ಗಾಜು ಒಡೆದುಕೊಂಡು ಕೆಳಗೆ ಬೀಳುವಾಗ ಹುಡುಗ ಫೋನ್ ಕೆಳಗಿಟ್ಟ. ಕೊನೆಯಲ್ಲಿ ಹೆಸರುಗಳು ಬರತೊಡಗಿದವು. ನಾನು ರಿಮೋಟಿಗೆ ಕೈ ಹಾಕಿದೆ.

"ಇರಿ ದೊಡ್ಡಮ್ಮ, ಹಾಡು ಮುಗೀಲಿ" ಎಂದ.