ಮೊದಲು ಬಂದವರೇ ಮೇಲೆ ಹೋಗುತ್ತಾರಾ? ಸ್ಲೊವಾಕಿಯಾದ ಎರಡನೇ ಲೀಗ್‌ನಿಂದ ನಾನು ಕಲಿತ ಕೆಲಸ

ನಾನು ಬೆಂಗಳೂರಿನ ಒಂದು ಕಂಪನಿಯಲ್ಲಿ ಫುಟ್‌ಬಾಲ್ ಡೇಟಾ ಕೆಲಸ ಮಾಡುತ್ತೇನೆ. ಯಾವ ತಂಡ ಯಾವತ್ತು ಆಡಿತು, ಎಷ್ಟು ಗೋಲು, ಯಾರಿಗೆ ಕಾರ್ಡ್, ಅಂಕಪಟ್ಟಿಯಲ್ಲಿ ಯಾರು ಎಲ್ಲಿದ್ದಾರೆ, ಇದನ್ನೆಲ್ಲ ತುಂಬಿಸುವುದು, ತಾಳೆ ನೋಡುವುದು ನಮ್ಮ ಕೆಲಸ. ಪತ್ರಿಕೆಗಳು, ಆ್ಯಪ್‌ಗಳು ನಮ್ಮಿಂದ ತೆಗೆದುಕೊಳ್ಳುತ್ತವೆ. ದೊಡ್ಡ ಲೀಗ್‌ಗಳಿಗೆ ದೊಡ್ಡ ತಂಡ ಇರುತ್ತದೆ. ಚಿಕ್ಕ ದೇಶಗಳ ಕೆಳಗಿನ ಲೀಗ್‌ಗಳನ್ನು ಒಬ್ಬಿಬ್ಬರೇ ನೋಡಿಕೊಳ್ಳಬೇಕು. ಹಾಗೆ ನನ್ನ ಪಾಲಿಗೆ ಬಂದದ್ದು ಸ್ಲೊವಾಕಿಯಾದ ಎರಡನೇ ಲೀಗ್, ಅಂದರೆ ದೇಶದ ಅತಿ ಮೇಲಿನ ಲೀಗ್‌ನ ಕೆಳಗಿನ ಹಂತ. ಸಾಮಾನ್ಯವಾಗಿ ಇಲ್ಲಿ ಗೆದ್ದವರು ಮುಂದಿನ ವರ್ಷ ಮೇಲಿನ ಲೀಗ್‌ಗೆ ಹೋಗುತ್ತಾರೆ, ಅಲ್ಲಿ ಕೊನೆಯಲ್ಲಿದ್ದವರು ಇಲ್ಲಿಗೆ ಇಳಿಯುತ್ತಾರೆ.

ಇಡೀ ದೇಶದಲ್ಲಿ ಸುಮಾರು 54 ಲಕ್ಷ ಜನ. ನಮ್ಮ ಬೆಂಗಳೂರಿನ ಅರ್ಧವೂ ಇಲ್ಲ. ಜುಲೈ ಕೊನೆಯ ಹೊತ್ತಿಗೆ ಸೀಸನ್ ಶುರುವಾಗುತ್ತದೆ, ಹಿಮ ಬೀಳುವ ತಿಂಗಳುಗಳಲ್ಲಿ ನಿಲ್ಲುತ್ತದೆ, ವಸಂತದಲ್ಲಿ ಮತ್ತೆ ಆಟ. ಬೇಸಿಗೆಯಲ್ಲಿ ಅವರು ನಮಗಿಂತ ಮೂರೂವರೆ ಗಂಟೆ ಹಿಂದೆ, ಚಳಿಗಾಲದಲ್ಲಿ ನಾಲ್ಕೂವರೆ. ಅಲ್ಲಿ ಸಂಜೆ ಪಂದ್ಯ ಇದ್ದರೆ ಇಲ್ಲಿ ರಾತ್ರಿ ಪಾಳಿ. ಮೊದಮೊದಲು ಊರುಗಳ ಹೆಸರು ಬಾಯಿಗೆ ಬರುತ್ತಿರಲಿಲ್ಲ. ಪೊದ್ಬ್ರೆಜೊವಾ, ಪೆತ್ರ್ಝಾಲ್ಕಾ, ಬಾನ್ಸ್ಕಾ ಬಿಸ್ತ್ರಿತ್ಸಾ. ಈಗ ನಿದ್ದೆಯಲ್ಲಿ ಕೇಳಿದರೂ ಹೇಳುತ್ತೇನೆ.

ಹೊಸದಾಗಿ ಸೇರಿದವರಿಗೆ ನಾನು ಮೊದಲು ಹೇಳುವುದು ನನ್ನದೇ ಒಂದು ತಪ್ಪಿನ ಕಥೆ. ಅದನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಒಮ್ಮೆ ಹಳೆಯ ಸೀಸನ್‌ಗಳನ್ನು ತುಂಬಿಸುವ ಕೆಲಸ ಬಂತು. 1993ರಲ್ಲಿ ಸ್ಲೊವಾಕಿಯಾ ಬೇರೆ ದೇಶವಾದ ಮೇಲಿನ ಎಲ್ಲ ವರ್ಷಗಳು. ನಾನು ಒಂದು ನಿಯಮ ಬರೆದೆ: ಎರಡನೇ ಲೀಗ್‌ನಲ್ಲಿ ಮೊದಲ ಸ್ಥಾನ ಪಡೆದ ತಂಡದ ಹೆಸರು ಮುಂದಿನ ವರ್ಷದ ಮೇಲಿನ ಲೀಗ್ ಪಟ್ಟಿಗೆ ತಾನಾಗಿಯೇ ಸೇರಬೇಕು. ಗೆದ್ದವರು ಮೇಲೆ ಹೋಗುತ್ತಾರೆ, ಅದರಲ್ಲೇನಿದೆ, ಅಲ್ವಾ? ಕೆಲಸ ಬೇಗ ಮುಗಿಯಿತು. ಮೀಟಿಂಗ್‌ನಲ್ಲಿ ನನ್ನ ನಿಯಮವನ್ನು ಉಳಿದವರಿಗೂ ತೋರಿಸಿದರು. ನನಗೂ ಖುಷಿಯಾಗಿತ್ತು.

ಕೆಲವು ವಾರಗಳ ನಂತರ ಗ್ರಾಹಕರಿಂದ ಒಂದು ಮೇಲ್. 2017–18ರ ಮೇಲಿನ ಲೀಗ್ ಪಟ್ಟಿಯಲ್ಲಿ ಕೊಶಿತ್ಸೆ ತಂಡದ ಹೆಸರಿದೆ, ಆದರೆ ಆಡಿದ ಪಂದ್ಯ 0. ನಿತ್ರಾ ತಂಡದ ಪಂದ್ಯಗಳೆಲ್ಲ ಇವೆ, ಆದರೆ ಪಟ್ಟಿಯಲ್ಲಿ ಆ ತಂಡವೇ ಇಲ್ಲ. ಇದೇನು?

ನಾನು ಮಾಡಿದ ಎರಡನೇ ತಪ್ಪು ಇಲ್ಲಿದೆ. ನಿಯಮದ ಮೇಲೆ ಅನುಮಾನ ಬರಲಿಲ್ಲ, ಡೇಟಾ ಮೇಲೆ ಬಂತು. ಕೊಶಿತ್ಸೆಯ ಪಂದ್ಯಗಳು ಎಲ್ಲೋ ಕಳೆದುಹೋಗಿವೆ ಎಂದುಕೊಂಡು ಎರಡು ರಾತ್ರಿ ಹುಡುಕಿದೆ. ಸಿಗುವುದು ಹೇಗೆ? ಆ ಪಂದ್ಯಗಳು ನಡೆದೇ ಇರಲಿಲ್ಲ. ಆ ಹೊತ್ತಿಗೆ ಆ ಕ್ಲಬ್ಬೇ ಇರಲಿಲ್ಲ.

ಆಮೇಲೆ ಕೂತು 2016–17ರ ಸೀಸನ್ ಅನ್ನು ಸರಿಯಾಗಿ ಓದಿದೆ. ಕೋಷ್ಟಕ ಬಿಟ್ಟು, ಏನು ನಡೆಯಿತು ಎಂದು ಓದಿದ್ದು ಅದೇ ಮೊದಲು.

ಆಗ ಎರಡನೇ ಲೀಗ್ ಪಶ್ಚಿಮ ಮತ್ತು ಪೂರ್ವ ಎಂದು ಎರಡು ಗುಂಪಾಗಿತ್ತು. ಎರಡೂ ಕಡೆಯ ಮೇಲಿನ ತಂಡಗಳು ವಸಂತದಲ್ಲಿ ಒಂದೇ ಗುಂಪಿನಲ್ಲಿ ಸೇರಿ ಬಡ್ತಿಗಾಗಿ ಆಡುತ್ತಿದ್ದವು. ಅದೇ ವರ್ಷ ಮೇಲಿನ ಲೀಗ್‌ನಲ್ಲಿ ಇನ್ನೊಂದು ಗಲಾಟೆ. ಮಿಯಾವಾ ಅನ್ನುವ ಸಣ್ಣ ಊರಿನ ಸ್ಪಾರ್ಟಕ್ ತಂಡ 2012ರಲ್ಲಿ ಇದೇ ಎರಡನೇ ಲೀಗ್‌ನಿಂದ ಮೇಲೆ ಹೋಗಿತ್ತು. ಚೆನ್ನಾಗಿಯೇ ಆಡುತ್ತಿತ್ತು. 2016ರ ಡಿಸೆಂಬರ್ ಹೊತ್ತಿಗೆ ದುಡ್ಡು ನಿಂತಿತು, ಚಳಿಗಾಲದ ಬಿಡುವಿನಲ್ಲೇ ತಂಡ ಲೀಗ್ ಬಿಟ್ಟು ಹೋಯಿತು. ಉಳಿದ 11 ತಂಡಗಳೇ ಸೀಸನ್ ಮುಗಿಸಿದವು.

ಎರಡನೇ ಲೀಗ್‌ನಲ್ಲಿ ವಿಎಸ್‌ಎಸ್ ಕೊಶಿತ್ಸೆ ಮೊದಲ ಸ್ಥಾನದಲ್ಲಿ ಮುಗಿಸಿತು. ಮೈದಾನದಲ್ಲಿ ಮಾಡಬೇಕಾದದ್ದನ್ನು ಆಟಗಾರರು ಮಾಡಿದ್ದರು. ಆದರೆ ಕ್ಲಬ್‌ಗೆ ಸಾಲ ಇತ್ತು. ಮೇಲಿನ ಲೀಗ್‌ನಲ್ಲಿ ಆಡಲು ಸ್ಲೊವಾಕ್ ಫುಟ್‌ಬಾಲ್ ಸಂಘದಿಂದ ಲೈಸೆನ್ಸ್ ಬೇಕು. ಅದಕ್ಕೆ ಮೈದಾನ ಸರಿಯಿರಬೇಕು, ಮಕ್ಕಳ ತಂಡಗಳು ಇರಬೇಕು, ಎಲ್ಲಕ್ಕಿಂತ ಹೆಚ್ಚಾಗಿ ಆಟಗಾರರ ಸಂಬಳ, ತೆರಿಗೆ ಬಾಕಿ ಇರಬಾರದು. ಲೈಸೆನ್ಸ್ ಸಿಗಲಿಲ್ಲ. ಅದರ ಜಾಗಕ್ಕೆ ನಿತ್ರಾ ಮೇಲೆ ಹೋಯಿತು. 2017ರ ಬೇಸಿಗೆಯಲ್ಲಿ ವಿಎಸ್‌ಎಸ್ ಕೊಶಿತ್ಸೆ ಮುಚ್ಚಿಹೋಯಿತು.

ಇದನ್ನು ಓದಿ ನನಗೆ ನಿಜಕ್ಕೂ ಸಂಕಟವಾಯಿತು. ಇಡೀ ವರ್ಷ ಆಡಿ, ಗೆದ್ದು, ಆಮೇಲೆ ಕ್ಲಬ್ಬೇ ಇಲ್ಲ ಎಂದರೆ ಆ ಹುಡುಗರ ಗತಿ ಏನು? ನಮ್ಮ ಡೇಟಾಬೇಸ್‌ನಲ್ಲಿ ಅದು ಒಂದು ಸಾಲು. ಅದನ್ನೂ ನಾನು ತಪ್ಪಾಗಿ ತುಂಬಿಸಿದ್ದೆ.

ಕೊಶಿತ್ಸೆ ಸಾಮಾನ್ಯ ಊರಲ್ಲ. ದೇಶದ ಪೂರ್ವದಲ್ಲಿದೆ, ಬ್ರಾತಿಸ್ಲಾವಾ ಬಿಟ್ಟರೆ ಅದೇ ದೊಡ್ಡದು. ವಿಎಸ್‌ಎಸ್ ಅಂದರೆ ಪೂರ್ವ ಸ್ಲೊವಾಕಿಯಾದ ಯಂತ್ರ ಕಾರ್ಖಾನೆ. ಬೆಂಗಳೂರಿನ ಹಳೆಯ ಫುಟ್‌ಬಾಲ್ ನೋಡಿದವರಿಗೆ ಇದು ಬಿಡಿಸಿ ಹೇಳಬೇಕಿಲ್ಲ, ನಮ್ಮಲ್ಲೂ ಎಚ್‌ಎಎಲ್, ಐಟಿಐ ತಂಡಗಳಿದ್ದವು. ಇದೇ ಊರಿನ 1. ಎಫ್‌ಸಿ ಕೊಶಿತ್ಸೆ 1997ರಲ್ಲೂ 1998ರಲ್ಲೂ ಸ್ಲೊವಾಕ್ ಚಾಂಪಿಯನ್. 1997ರಲ್ಲಿ ಸ್ಪಾರ್ಟಕ್ ಮಾಸ್ಕೋವನ್ನು ಹೊರಹಾಕಿ, ಯೂರೋಪಿನ ಅತಿ ದೊಡ್ಡ ಕ್ಲಬ್ ಟೂರ್ನಿಯಾದ ಚಾಂಪಿಯನ್ಸ್ ಲೀಗ್‌ನ ಗುಂಪು ಹಂತಕ್ಕೆ ಹೋಯಿತು. ಅಲ್ಲಿಗೆ ಹೋದ ಮೊದಲ ಸ್ಲೊವಾಕ್ ಕ್ಲಬ್ ಅದು. ಗುಂಪಿನಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್, ಯುವೆಂಟಸ್, ಫೆಯೆನೂರ್ಡ್. ಆರೂ ಪಂದ್ಯ ಸೋತಿತು. ಆದರೂ ಆ ರಾತ್ರಿಗಳನ್ನು ಊರು ಮರೆತಿಲ್ಲ.

ಆ ಕ್ಲಬ್ ಸಾಲದಲ್ಲಿ ಮುಳುಗಿತು. 2005ರಲ್ಲಿ ಎಂಎಫ್‌ಕೆ ಕೊಶಿತ್ಸೆ ಬಂತು. 2009ರಲ್ಲಿ ಸ್ಲೊವಾಕ್ ಕಪ್ ಗೆದ್ದಿತು, ಅದೇ ವರ್ಷ ಯೂರೋಪಾ ಲೀಗ್ ಅರ್ಹತಾ ಹಂತದಲ್ಲಿ ಎಎಸ್ ರೋಮಾ ಜೊತೆ ತನ್ನ ಊರಲ್ಲಿ 3–3 ಡ್ರಾ ಮಾಡಿತು. 2014ರಲ್ಲಿ ಮತ್ತೆ ಕಪ್. ಮರುವರ್ಷವೇ ಲೈಸೆನ್ಸ್ ಸಿಗದೆ ಎರಡನೇ ಲೀಗ್‌ಗೆ ಇಳಿಯಿತು. ಹೆಸರು ಬದಲಾಗಿ ವಿಎಸ್‌ಎಸ್ ಆಯಿತು. ಅದರ ಕೊನೆ ಏನಾಯಿತೆಂದು ಮೇಲೆ ಹೇಳಿದ್ದೇನೆ.

ಒಂದು ಸೀಸನ್ ಅಂತೂ ಸರಿಯಾಯಿತು. ಆದರೆ ನನ್ನ ನಿಯಮ ಇನ್ನೆಲ್ಲಿ ತಪ್ಪಿಸಿದೆ? ಪಟ್ಟಿಯನ್ನು ಮೊದಲಿನಿಂದ ಕೈಯಾರೆ ನೋಡಿದೆ.

2008–09 ನೋಡಿ ಇನ್ನೂ ಜಾಸ್ತಿ ಬೇಜಾರಾಯಿತು. ಆ ವರ್ಷ ಎರಡನೇ ಹಂತದ ಲೀಗ್ ಗೆದ್ದದ್ದು ಇಂಟರ್ ಬ್ರಾತಿಸ್ಲಾವಾ. ಹಳದಿ–ಕಪ್ಪು ಬಣ್ಣದ ಹಳೆಯ ಕ್ಲಬ್. 1959ರಲ್ಲಿ ಚೆಕೊಸ್ಲೊವಾಕಿಯಾ ಚಾಂಪಿಯನ್, 2000 ಮತ್ತು 2001ರಲ್ಲಿ ಸ್ಲೊವಾಕಿಯಾ ಚಾಂಪಿಯನ್. ಗೆದ್ದು ಮೇಲೆ ಹೋಗುವ ಹಕ್ಕು ಕೈಗೆ ಬಂತು. ಕೈಯಲ್ಲಿ ದುಡ್ಡಿರಲಿಲ್ಲ. ಆ ಹಕ್ಕನ್ನು ಸೆನಿತ್ಸಾ ಅನ್ನುವ ಊರಿನ ಕ್ಲಬ್‌ಗೆ ಮಾರಿತು. ಇಂಟರ್ ಕೆಳಗಿನ ಲೀಗ್‌ಗಳಿಗೆ ಹೋಯಿತು. ಅದರ ಪಾಸಿಯೆಂಕಿ ಮೈದಾನದಲ್ಲಿ ಆಮೇಲೆ ವರ್ಷಗಟ್ಟಲೆ ಆಡಿದ್ದು ಅದೇ ಊರಿನ ಎದುರಾಳಿ ಸ್ಲೊವಾನ್.

ನಿಯಮ ಇಲ್ಲಿ ಏನು ಮಾಡಿತ್ತು? ಇಂಟರ್ ಅನ್ನು ಮೇಲಿನ ಲೀಗ್‌ಗೆ ಕಳಿಸಿತ್ತು. ಸೆನಿತ್ಸಾ ಎಲ್ಲಿಂದಲೋ ಉದುರಿದಂತೆ ಪಂದ್ಯಗಳಲ್ಲಿ ಕಾಣುತ್ತಿತ್ತು. ಬಂದ ಎರಡನೇ ವರ್ಷವೇ, 2010–11ರಲ್ಲಿ, ಆ ಸೆನಿತ್ಸಾ ಮೇಲಿನ ಲೀಗ್‌ನಲ್ಲಿ ಎರಡನೇ ಸ್ಥಾನ ಪಡೆಯಿತು. 2012–13ರಲ್ಲೂ ಎರಡನೆಯದು. 2022ರಲ್ಲಿ ಸಾಲದಿಂದ ಅದೂ ದೊಡ್ಡ ಆಟದಿಂದ ಹೊರಬಿತ್ತು. ಕೊಂಡವರಿಗೂ ಉಳಿಯಲಿಲ್ಲ.

2019–20 ಬೇರೆ ಥರ. ಕೊರೊನಾ ಬಂದು ಎರಡನೇ ಲೀಗ್ ಅರ್ಧದಲ್ಲೇ ನಿಂತಿತು. ಮೇಲಿನ ಲೀಗ್‌ನಲ್ಲಿ ಕೊನೆಯ ಸ್ಥಾನದಲ್ಲಿದ್ದ ನಿತ್ರಾ ಉಳಿದುಕೊಂಡಿತು. ಮರುವರ್ಷ ಅದೇ 12 ತಂಡಗಳು. ಯಾರೂ ಮೇಲೆ ಹೋಗಲಿಲ್ಲ, ಯಾರೂ ಇಳಿಯಲಿಲ್ಲ. ನಿಯಮಕ್ಕೆ ಅದು ಗೊತ್ತಿಲ್ಲ, ಅದಕ್ಕೆ ಯಾರಾದರೂ ಒಬ್ಬರು ಮೇಲೆ ಹೋಗಲೇಬೇಕು. ನಿತ್ರಾ 2021ರಲ್ಲಿ ಇಳಿಯಿತು. 2017ರಲ್ಲಿ ಕೊಶಿತ್ಸೆಯ ಜಾಗಕ್ಕೆ ಹೋಗಿದ್ದ ಇದೇ ಕ್ಲಬ್ ಕೂಡ ಆಮೇಲೆ ದುಡ್ಡಿಲ್ಲದೆ ಕುಸಿಯಿತು. (ನಿತ್ರಾ ಹೆಸರನ್ನು ನಮ್ಮವರಲ್ಲಿ ಕೆಲವರು ಕೇಳಿರಬಹುದು. ಟಾಟಾ ಒಡೆತನದ ಜಾಗ್ವಾರ್ ಲ್ಯಾಂಡ್ ರೋವರ್ ಕಾರ್ಖಾನೆ 2018ರಲ್ಲಿ ಶುರುವಾದದ್ದು ಆ ಊರಲ್ಲೇ.)

ಬಿ ತಂಡಗಳ ವಿಷಯವೂ ಇದೆ. ಸ್ಲೊವಾನ್, ಝಿಲಿನಾದಂಥ ಕ್ಲಬ್‌ಗಳ ಎರಡನೇ ತಂಡಗಳು ಈ ಲೀಗ್‌ನಲ್ಲಿ ಆಡಿವೆ. ಮೊದಲ ತಂಡ ಮೇಲಿನ ಲೀಗ್‌ನಲ್ಲಿರುವಾಗ ಎರಡನೆಯದು ಅಲ್ಲಿಗೆ ಹೋಗುವಂತಿಲ್ಲ. ಎಷ್ಟೇ ಅಂಕ ಬರಲಿ, ಜಾಗ ಹಿಂದಿನವರಿಗೆ.

ತಪ್ಪುಗಳನ್ನೆಲ್ಲ ಬರೆದುಕೊಂಡು ನಮ್ಮ ಹಿರಿಯ ಸಹೋದ್ಯೋಗಿಯೊಬ್ಬರ ಹತ್ತಿರ ಹೋದೆ. ಇಪ್ಪತ್ತು ವರ್ಷ ಇದೇ ಕೆಲಸ ಮಾಡಿದವರು, ನಾವೆಲ್ಲ ಸರ್ ಅಂತಲೇ ಕರೆಯುತ್ತೇವೆ. ಬೈಯುತ್ತಾರೆ ಎಂದುಕೊಂಡಿದ್ದೆ. ಹಾಳೆ ನೋಡಿ ಕೇಳಿದರು, "ನೀವು ಒಂದೇ ಕಾಲಂನಲ್ಲಿ ಎಷ್ಟು ಪ್ರಶ್ನೆಗೆ ಉತ್ತರ ಬರೀತಿದ್ದೀರಮ್ಮ?"

ಆ ಮಾತು ಮನಸ್ಸಲ್ಲಿ ಕೂತಿತು. ಯಾರು ಮೊದಲು ಬಂದರು ಅನ್ನುವುದು ಒಂದು ಪ್ರಶ್ನೆ. ಮೇಲೆ ಹೋಗುವ ಹಕ್ಕು ಯಾರಿಗೆ ಸಿಕ್ಕಿತು ಅನ್ನುವುದು ಇನ್ನೊಂದು. ಮುಂದಿನ ವರ್ಷ ನಿಜವಾಗಿ ಯಾರು ಆಡಿದರು ಅನ್ನುವುದು ಮೂರನೆಯದು. ಮೊದಲನೆಯದಕ್ಕೆ ಉತ್ತರ ಮೈದಾನದಲ್ಲಿ ಸಿಗುತ್ತದೆ, ಎರಡನೆಯದಕ್ಕೆ ಸಂಘದ ಲೈಸೆನ್ಸ್ ಸಮಿತಿಯಲ್ಲಿ. ಮೂರನೆಯದು ಗೊತ್ತಾಗಬೇಕಾದರೆ ಮುಂದಿನ ಸೀಸನ್ ಶುರುವಾಗುವವರೆಗೂ ಕಾಯಬೇಕು. ಬಹಳಷ್ಟು ವರ್ಷ ಮೂರಕ್ಕೂ ಒಂದೇ ಹೆಸರು. ಅದಕ್ಕೇ ನಾನು ಮೂರನ್ನೂ ಒಂದು ಮಾಡಿಬಿಟ್ಟಿದ್ದೆ.

ಒಂದು ಕಾಲಂ ಮೂರಾಯಿತು. ನಿಯಮ ತೆಗೆದುಹಾಕಿದೆವು. ಬಡ್ತಿಯ ಸಾಲುಗಳನ್ನು ಈಗ ಕೈಯಲ್ಲೇ ತುಂಬುತ್ತೇವೆ. ವರ್ಷಕ್ಕೆ ಒಂದೆರಡು ಸಾಲು, ಅದಕ್ಕೆ ನಿಯಮವೇ ಬೇಕಿರಲಿಲ್ಲ. ಪಟ್ಟಿಯಲ್ಲಿ ಹೆಸರಿದ್ದು ಪಂದ್ಯ ಇಲ್ಲದಿದ್ದರೆ ಈಗ ಮೊದಲು ಪಟ್ಟಿಯನ್ನೇ ಪ್ರಶ್ನಿಸುತ್ತೇನೆ. ಪಂದ್ಯ ಹುಡುಕಲು ಹೋಗುವುದು ಆಮೇಲೆ.

ಕೊಶಿತ್ಸೆ ಬಗ್ಗೆ ಮಾತ್ರ ಚರ್ಚೆ ತುಂಬಾ ದಿನ ನಡೆಯಿತು. 2018ರಲ್ಲಿ ಅಲ್ಲಿ ಹೊಸ ಕ್ಲಬ್ ಶುರುವಾಯಿತು, ಎಫ್‌ಸಿ ಕೊಶಿತ್ಸೆ. ಅದೇ ಊರು, ಅದೇ ಹಳದಿ–ನೀಲಿ ಬಣ್ಣ, ಅದೇ ಜನ. ನಮ್ಮ ಡೇಟಾಬೇಸ್‌ನಲ್ಲಿ ಇದಕ್ಕೆ ಹಳೆಯ ಕ್ಲಬ್ಬಿನ ನಂಬರ್ ಕೊಡಬೇಕೋ ಹೊಸದೋ? ಕೆಲವರು ಒಂದೇ ಸಾಕು ಎಂದರು. ಹಳೆಯದೆಲ್ಲ ಸೇರಿಸಿದರೆ ಚಾಂಪಿಯನ್ಸ್ ಲೀಗ್ ಆಡಿದ್ದೂ ಹೊಸ ಕ್ಲಬ್ಬಿನ ಲೆಕ್ಕಕ್ಕೇ ಬರುತ್ತದೆ. ಬೇರೆ ಮಾಡಿದರೆ ಮೂವತ್ತು ವರ್ಷದಿಂದ ಒಂದೇ ತಂಡವನ್ನು ಬೆಂಬಲಿಸಿದ್ದೇನೆ ಎನ್ನುವ ಆ ಊರಿನ ಮನುಷ್ಯನಿಗೆ, ಇಲ್ಲ, ನೀವು ಮೂರು ನಾಲ್ಕು ತಂಡ ಬದಲಾಯಿಸಿದಿರಿ ಎಂದು ಹೇಳಿದಂತೆ. ನನಗೆ ಎರಡೂ ಸರಿ ಅನಿಸಿತು. ಕೊನೆಗೆ ಬೇರೆ ಬೇರೆ ನಂಬರ್ ಕೊಟ್ಟೆವು. ಸಾಲ ಯಾರದು, ಲೈಸೆನ್ಸ್ ಯಾರದು ಅನ್ನುವುದು ಆ ನಂಬರ್‌ನಿಂದಲೇ ಗೊತ್ತಾಗಬೇಕು. ಜೊತೆಗೆ ಇವೆಲ್ಲವನ್ನೂ ಕಟ್ಟುವ ಊರಿನ ಕೊಂಡಿ ಒಂದನ್ನು ಹಾಕಿದೆವು. ಊರಿನ ಹೆಸರು ಒತ್ತಿದರೆ ಎಲ್ಲ ಒಟ್ಟಿಗೆ ಬರುತ್ತವೆ. ನಾನು ಮಾಡಿದ ಕೆಲಸದಲ್ಲಿ ನನಗೆ ತುಂಬಾ ಇಷ್ಟವಾದದ್ದು ಆ ಕೊಂಡಿ.

2023ರಲ್ಲಿ ಆ ಹೊಸ ಕೊಶಿತ್ಸೆ ಎರಡನೇ ಲೀಗ್ ಗೆದ್ದಿತು. ಈ ಸಲ ಮೇಲೆ ಹೋಯಿತು. ಮರುವರ್ಷ ಕೊಮಾರ್ನೊ. ಡ್ಯಾನ್ಯೂಬ್ ನದಿ ದಡದ ಊರು, ಆಚೆ ದಡ ಹಂಗೇರಿ, ಊರಲ್ಲೂ ಹಂಗೇರಿಯನ್ ಮಾತಾಡುವವರೇ ಜಾಸ್ತಿ. 1900ರಲ್ಲಿ ಹುಟ್ಟಿದ ಕ್ಲಬ್ ಸ್ಲೊವಾಕಿಯಾದ ಮೇಲಿನ ಲೀಗ್‌ಗೆ ಹೋದದ್ದು 2024ರಲ್ಲಿ, ಅದೇ ಮೊದಲ ಸಲ. ಅದೇ ವರ್ಷ ಇಳಿದದ್ದು ಝ್ಲಾತೆ ಮೊರಾವ್ತ್ಸೆ. 2007ರಲ್ಲಿ ಎರಡನೇ ಹಂತದಲ್ಲಿದ್ದುಕೊಂಡೇ ಸ್ಲೊವಾಕ್ ಕಪ್ ಗೆದ್ದಿದ್ದ ಸಣ್ಣ ಊರು ಅದು.

2025ರಲ್ಲಿ ತತ್ರಾನ್ ಪ್ರೆಶೊವ್ ಗೆದ್ದಿತು. 1898ರ ಕ್ಲಬ್, ದೇಶದಲ್ಲೇ ಹಳೆಯದು. ಕೊಶಿತ್ಸೆಯಿಂದ ಮೂವತ್ತೈದು ಕಿಲೋಮೀಟರ್ ಇರಬಹುದು, ಎರಡೂ ಊರಿಗೆ ಆಟದಲ್ಲಿ ಆಗಿಬರುವುದಿಲ್ಲ. ಸೀಸನ್ ಮುಗಿದ ದಿನವೇ ಮೊದಲ ಕಾಲಂ ತುಂಬಿಸಿದೆ. ಎರಡನೆಯದನ್ನು ಲೈಸೆನ್ಸ್ ಖಚಿತ ಮಾಡಿಕೊಂಡ ಮೇಲೆ ಬರೆದೆ. ಪಕ್ಕದಲ್ಲಿ ಕೂರುವ ಹೊಸ ಹುಡುಗ ಕೇಳಿದ, "ಮೂರನೆಯದೂ ಪ್ರೆಶೊವ್ ತಾನೇ ಅಕ್ಕ, ಈಗಲೇ ಹಾಕಿಬಿಡ್ಲಾ?"

ಬೇಡ, ಇರು, ಎಂದೆ. ಆ ಖಾನೆ ಒಂದೆರಡು ತಿಂಗಳು ಖಾಲಿ ಇತ್ತು. ಹೊಸ ಸೀಸನ್‌ನಲ್ಲಿ ಪ್ರೆಶೊವ್ ಮೊದಲ ಪಂದ್ಯಕ್ಕೆ ಮೈದಾನಕ್ಕಿಳಿದ ರಾತ್ರಿ ಅವನನ್ನೇ ಕರೆದು ಕೂರಿಸಿದೆ. ಹೆಸರನ್ನು ಅವನೇ ತುಂಬಿದ.