ನಿಮ್ಮೂರು ಸಿಟಿನಾ, ಹಳ್ಳಿನಾ?

ಅಮೆರಿಕದಲ್ಲಿ ಎಲ್ಲಿದ್ದೀರಿ ಅಂತ ಕೇಳಿದವರಿಗೆ ‘ವರ್ಜೀನಿಯಾದ ಆಶ್ಬರ್ನ್’ ಅನ್ನುತ್ತೇನೆ. ಮುಂದಿನ ಪ್ರಶ್ನೆ ಬಂದೇ ಬರುತ್ತದೆ: ‘ಅದು ಸಿಟಿನಾ, ಹಳ್ಳಿನಾ? ಎಷ್ಟು ಜನ ಇದ್ದೀರಿ?’ ಸುಮ್ನೆ ‘ವಾಷಿಂಗ್ಟನ್ ಹತ್ತಿರ’ ಅಂದು ಜಾರಿಕೊಳ್ಳುತ್ತಿದ್ದೆ. ಚಿಕ್ಕಪ್ಪನ ಹತ್ತಿರ ಅದು ನಡೆಯಲಿಲ್ಲ. ಮೂವತ್ತು ವರ್ಷ ಗ್ರಾಮ ಲೆಕ್ಕಿಗರಾಗಿ ಪಹಣಿ ಬರೆದವರು ಅವರು. ‘ಅದೆಲ್ಲ ಬೇಡ ಮರಿ, ಚೆಕ್ಕುಬಂದಿ ಹೇಳು’ ಅಂದರು.

ಹೇಳಿದೆ. ವಾಷಿಂಗ್ಟನ್‌ನಿಂದ ವಾಯವ್ಯಕ್ಕೆ ಸುಮಾರು 50 ಕಿಲೋಮೀಟರ್. ಪಡುವಣಕ್ಕೆ ಗೂಸ್ ಕ್ರೀಕ್ ಅನ್ನೋ ಹಳ್ಳ. ಮೂಡಣಕ್ಕೆ ಬ್ರಾಡ್ ರನ್ ಅನ್ನೋ ಇನ್ನೊಂದು ಹಳ್ಳ, ಅದರಾಚೆ ರೂಟ್ 28 ಅನ್ನೋ ಹೆದ್ದಾರಿ. ಎರಡೂ ಹಳ್ಳ ಉತ್ತರಕ್ಕೆ ಹರಿದು ಪೊಟೋಮ್ಯಾಕ್ ನದಿ ಸೇರುತ್ತವೆ. ಬಡಗಲಿಗೆ ರೂಟ್ 7, ತೆಂಕಲಿಗೆ ಗ್ರೀನ್‌ವೇ ಅನ್ನೋ ಟೋಲ್ ರಸ್ತೆ. ಆಗ್ನೇಯದ ಮೂಲೆಗೆ ಡಲ್ಲಸ್ ವಿಮಾನ ನಿಲ್ದಾಣ. ಹಿತ್ತಲಲ್ಲಿ ಗುದ್ದಲಿ ಹಾಕಿದರೆ ಜಿಗುಟು ಕೆಂಪು ಮಣ್ಣು. ಕೆಂಪು ಮಣ್ಣು ಅಂದದ್ದಕ್ಕೆ ಚಿಕ್ಕಪ್ಪನಿಗೆ ಖುಷಿಯಾಯ್ತು.

‘ಸರಿ, ಈ ಗಡಿ ಯಾವ ದಾಖಲೆಯಲ್ಲಿದೆ?’

ಅಲ್ಲೇ ಬಂತು ನೋಡಿ ತೊಡಕು. ಯಾವ ದಾಖಲೆಯಲ್ಲೂ ಇಲ್ಲ. ಕಾನೂನಿನ ಪ್ರಕಾರ ಆಶ್ಬರ್ನ್ ಅಂತ ಒಂದು ಊರೇ ಇಲ್ಲ. ಮೇಯರ್ ಇಲ್ಲ, ಪುರಸಭೆ ಇಲ್ಲ, ಪಂಚಾಯಿತಿಯೂ ಇಲ್ಲ. ನಮ್ಮ ಕಡೆ ಇದು ಊಹೆಗೂ ಬರಲ್ಲ. ಎಷ್ಟೇ ಸಣ್ಣ ಊರಾದರೂ ಒಂದು ಗ್ರಾಮ ಪಂಚಾಯಿತಿಗೋ ಪುರಸಭೆಗೋ ಸೇರಿರುತ್ತದೆ, ಅಲ್ವಾ? ಇಲ್ಲಿ ಹಾಗಲ್ಲ. ಜನ ಬೇಕೆಂದು ಕೇಳಿ, ರಾಜ್ಯ ಒಪ್ಪಿ ಸನ್ನದು ಕೊಟ್ಟರೆ ಮಾತ್ರ ಒಂದು ಜಾಗ ಪಟ್ಟಣ ಅನ್ನಿಸಿಕೊಳ್ಳುತ್ತದೆ. ಇಲ್ಲದಿದ್ದರೆ ಎಲ್ಲ ಆಡಳಿತ ನೇರ ಕೌಂಟಿಯದು. ಕೌಂಟಿ ಅಂದರೆ ನಮ್ಮ ಜಿಲ್ಲೆಯ ಹಾಗೆ. ನಮ್ಮದು ಲೌಡನ್ ಕೌಂಟಿ. ಒಂಬತ್ತು ಜನರ ಚುನಾಯಿತ ಮಂಡಳಿ, ಪೊಲೀಸ್ ಕೆಲಸಕ್ಕೆ ಚುನಾಯಿತ ಶೆರಿಫ್. ಶಾಲೆಗಳೂ ಕೌಂಟಿ ಮಟ್ಟದ್ದೇ.

ತಮಾಷೆ ಏನೆಂದರೆ, ಇದೇ ಕೌಂಟಿಯಲ್ಲಿ ಹಿಲ್ಸ್‌ಬರೋ ಅಂತ ಒಂದು ಪಟ್ಟಣವಿದೆ. 2010ರ ಜನಗಣತಿಯಲ್ಲಿ ಅಲ್ಲಿದ್ದದ್ದು 80 ಜನ. ನಮ್ಮೂರಿನ ಒಂದು ಮದುವೆಯ ಮೊದಲ ಪಂಕ್ತಿಗೂ ಸಾಲದು. ಆದರೂ ಅವರಿಗೆ ಮೇಯರ್ ಇದ್ದಾರೆ!

ಹಾಗಾದರೆ ಆಶ್ಬರ್ನ್‌ನ ಜನ ಎಷ್ಟು? 2020ರ ಜನಗಣತಿ ಪ್ರಕಾರ 46,349. ಊರೇ ಇಲ್ಲದ ಕಡೆ ಜನರನ್ನು ಎಣಿಸಿದ್ದು ಹೇಗೆ? ಜನಗಣತಿಯವರು ಲೆಕ್ಕಕ್ಕಾಗಿ ತಾವೇ ಒಂದು ಗೆರೆ ಹಾಕಿಕೊಳ್ಳುತ್ತಾರೆ. ಆ ಗೆರೆಗೆ ಆಡಳಿತದ ಬೆಲೆ ಏನೂ ಇಲ್ಲ. ನಮ್ಮಲ್ಲೂ ‘ಸೆನ್ಸಸ್ ಟೌನ್’ ಅಂತ ಇದೆಯಲ್ಲ, ಲೆಕ್ಕದಲ್ಲಿ ಪಟ್ಟಣ, ಆಡಳಿತದಲ್ಲಿ ಪಂಚಾಯಿತಿ. ಹೆಚ್ಚು ಕಡಿಮೆ ಹಾಗೆ.

ಅಂಚೆಯವರ ಗೆರೆಯೇ ಬೇರೆ. ಗ್ರೀನ್‌ವೇ ದಾಟಿದರೆ ಬ್ರಾಡ್‌ಲ್ಯಾಂಡ್ಸ್, ಬ್ರ್ಯಾಂಬಲ್ಟನ್ ಅನ್ನೋ ದೊಡ್ಡ ಬಡಾವಣೆಗಳು ಬರುತ್ತವೆ. ಅಂಚೆಗೆ ಅವೂ ಆಶ್ಬರ್ನ್. ಜನಗಣತಿಗೆ ಅವು ಬೇರೆ ಊರುಗಳು. ನನ್ನ ಮನೆ ಆ ಕಡೆಗಿದೆ. ಅಂದರೆ, ಎಲ್ಲರಿಗೂ ಆಶ್ಬರ್ನ್ ಅಂತ ಹೇಳಿಕೊಂಡು ತಿರುಗುವ ನಾನು ಆ 46,349ರಲ್ಲಿ ಇಲ್ಲ.

ಆದ್ದರಿಂದ ನನ್ನನ್ನು ಕೇಳಿದರೆ ಕೌಂಟಿಯ ಲೆಕ್ಕ ನೋಡುವುದೇ ವಾಸಿ. ಅದರ ಗಡಿ ಅಲ್ಲಾಡುವುದಿಲ್ಲ. 1960ರಲ್ಲಿ ಇಡೀ ಲೌಡನ್‌ನಲ್ಲಿ 24,549 ಜನ. ಹಾಲಿನ ಡೇರಿ, ಮೆಕ್ಕೆಜೋಳದ ಹೊಲ. 1962ರಲ್ಲಿ ಡಲ್ಲಸ್ ವಿಮಾನ ನಿಲ್ದಾಣ ಶುರುವಾಯ್ತು. 1990ಕ್ಕೆ 86,129 ಆಯ್ತು. ಆಮೇಲೆ ತಂತ್ರಜ್ಞಾನ ಕಂಪನಿಗಳು, ಹೊಲಗಳ ಮೇಲೆ ಸಾಲು ಮನೆಗಳು. 2020ಕ್ಕೆ 4,20,959. ಹೆಚ್ಚು ಕಡಿಮೆ ಐದರಲ್ಲೊಬ್ಬರು ಏಷ್ಯಾ ಮೂಲದವರು. ಅವರಲ್ಲಿ ನಮ್ಮವರು ಜಾಸ್ತಿ. ಸಂಜೆ ವಾಕಿಂಗ್ ಹೋದರೆ ಕನ್ನಡ ಕಿವಿಗೆ ಬೀಳುತ್ತದೆ, ತೆಲುಗು ಅದಕ್ಕಿಂತ ಹೆಚ್ಚು. 2022ರ ನವೆಂಬರ್‌ನಲ್ಲಿ ಮೆಟ್ರೋ ಕೂಡ ಬಂತು. ಸಿಲ್ವರ್ ಲೈನ್‌ನ ಕೊನೆಯ ಸ್ಟೇಷನ್ ಹೆಸರು ಆಶ್ಬರ್ನ್. ಅದು ಇರುವುದು ಟೋಲ್ ರಸ್ತೆಯ ನಟ್ಟನಡುವೆ.

ಬ್ಲಾಗ್ ಬರೆಯುವ ಗೆಳೆಯರದು ಇನ್ನೊಂದು ಪ್ರಶ್ನೆ. ‘ನನ್ನ ಬ್ಲಾಗಿಗೆ ಆಶ್ಬರ್ನ್‌ನಿಂದ ದಿನಾ ಅಷ್ಟು ಜನ ಬರ್ತಾರೆ, ಯಾರಪ್ಪಾ ಅವರು?’ ಬೇಜಾರು ಮಾಡಿಕೊಳ್ಳಬೇಡಿ, ಅವರಲ್ಲಿ ಹೆಚ್ಚಿನವರು ಮನುಷ್ಯರಲ್ಲ. ಇಲ್ಲಿ ರಸ್ತೆಯ ಎರಡೂ ಬದಿಗೆ ಡೇಟಾ ಸೆಂಟರ್‌ಗಳಿವೆ, ಅಂದರೆ ಇಂಟರ್ನೆಟ್ ನಡೆಸುವ ಸರ್ವರ್ ಕಂಪ್ಯೂಟರ್‌ಗಳನ್ನು ಸಾಲಾಗಿ ಇಟ್ಟ ಕಟ್ಟಡಗಳು. ಅಲ್ಲಿನ ಸರ್ವರ್‌ಗಳಲ್ಲಿ ಓಡುವ ಪ್ರೋಗ್ರಾಂಗಳು ನಿಮ್ಮ ಬರಹವನ್ನು ತಡಕಾಡಿ ಹೋಗುತ್ತವೆ. ಆ ಕಟ್ಟಡಗಳೋ, ಕಿಟಕಿಯಿಲ್ಲದ ದೊಡ್ಡ ಗೋದಾಮಿನ ಹಾಗಿವೆ. ಪಕ್ಕದಲ್ಲಿ ಸಾಲು ಜನರೇಟರ್, ಹತ್ತಿರ ಹೋದರೆ ಫ್ಯಾನುಗಳ ಗುಂಯ್ ಸದ್ದು. ಲೋಕದ ಇಂಟರ್ನೆಟ್‌ನಲ್ಲಿ ನೂರಕ್ಕೆ 70 ಭಾಗ ಇಲ್ಲೇ ಹಾದುಹೋಗುತ್ತದೆ ಅಂತ ಜಂಬ ಕೊಚ್ಚುವವರಿದ್ದಾರೆ. ಅಳೆದು ತೋರಿಸಿದವರನ್ನು ನಾನು ಕಂಡಿಲ್ಲ. ಆದರೆ ಅವು ಕಟ್ಟುವ ತೆರಿಗೆ ಕೌಂಟಿಯ ಬೊಕ್ಕಸಕ್ಕೆ ದೊಡ್ಡ ಆಸರೆ. ಅದು ನಿಜ.

ಪುರಸಭೆ ಇಲ್ಲದೆ ಕೆಲಸ ಹೇಗೆ ನಡೆಯುತ್ತದೆ ಅಂತ ನೋಡಬೇಕಾದರೆ ಹಿಮ ಬಿದ್ದ ಮರುದಿನ ಬೆಳಿಗ್ಗೆ ನಮ್ಮ ಮನೆ ಮುಂದೆ ನಿಲ್ಲಬೇಕು. ಮೊದಲು ರಾಜ್ಯ ಸರ್ಕಾರದ ಗಾಡಿ ಬಂದು ಮುಂದಿನ ರಸ್ತೆಯ ಹಿಮ ಗೋರುತ್ತದೆ. ವರ್ಜೀನಿಯಾದಲ್ಲಿ 1932ರ ಒಂದು ಕಾಯ್ದೆಯಿಂದಾಗಿ ಹೆಚ್ಚಿನ ಕೌಂಟಿಗಳ ರಸ್ತೆ ರಾಜ್ಯದ್ದೇ. ಗೋರಿದ ಹಿಮವನ್ನೆಲ್ಲ ನನ್ನ ಕಾರು ಹೊರಬರುವ ಬಾಯಿಗೇ ಗುಡ್ಡೆ ಹಾಕಿ ಹೋಗುತ್ತದೆ. ಹಿಂದಿನ ಸಣ್ಣ ಓಣಿ ಮನೆ ಮಾಲೀಕರ ಸಂಘದ್ದು, ಅದಕ್ಕೆ ಅವರ ಗುತ್ತಿಗೆದಾರ ಬರುತ್ತಾನೆ. ಮನೆ ಮುಂದಿನ ಫುಟ್‌ಪಾತ್ ನನ್ನ ಪಾಲು. ಸನಿಕೆ ಹಿಡಿದು ಗೋರುತ್ತೇನೆ.

ಈ ಮಾಲೀಕರ ಸಂಘವೇ ನಮ್ಮ ನಿಜವಾದ ಪಂಚಾಯಿತಿ. ತಿಂಗಳು ತಿಂಗಳು ದುಡ್ಡು ಕೊಡಬೇಕು. ಕಸ, ಪಾರ್ಕು, ಈಜುಕೊಳ ಅವರದ್ದು. ಬಾಗಿಲಿಗೆ ಯಾವ ಬಣ್ಣ ಅನ್ನುವುದೂ ಅವರನ್ನು ಕೇಳಿಯೇ. ಒಮ್ಮೆ ಕಸದ ಡಬ್ಬಿಯನ್ನು ಎರಡು ದಿನ ಹೊರಗೇ ಬಿಟ್ಟಿದ್ದಕ್ಕೆ ಫೋಟೋ ಸಮೇತ ನೋಟಿಸು ಬಂತು. ಸ್ವಲ್ಪ ಜಾಸ್ತಿಯೇ ಆಯ್ತು ಅನ್ನಿಸಿತು. ಡಬ್ಬಿ ಮಾತ್ರ ಆಮೇಲೆ ಹೊರಗೆ ಉಳಿದಿಲ್ಲ.

ಹಾಗಿದ್ದರೆ ಒಂದು ಪುರಸಭೆ ಮಾಡಿಕೊಳ್ಳಬಾರದಾ? ಇಲ್ಲಿ ಪಟ್ಟಣವಾದರೂ ಕೌಂಟಿ ತೆರಿಗೆ ತಪ್ಪುವುದಿಲ್ಲ. ಅದರ ಮೇಲೆ ಪಟ್ಟಣದ ತೆರಿಗೆಯೂ ಸೇರುತ್ತದೆ. ಬರೀ ಮೇಯರ್‌ಗೋಸ್ಕರ ಯಾರು ಕೊಡ್ತಾರೆ?

ಚಿಕ್ಕಪ್ಪ ಎಲ್ಲ ಕೇಳಿಸಿಕೊಂಡರು. ‘ಕಂದಾಯ ಯಾರಿಗೆ ಕಟ್ತೀಯ?’

‘ಕೌಂಟಿಗೆ. ಜೂನ್ 5ಕ್ಕೊಂದು ಕಂತು, ಡಿಸೆಂಬರ್ 5ಕ್ಕೊಂದು.’

‘ಕೌಂಟಿ ಎಷ್ಟು ದೊಡ್ಡದು?’

‘ಸುಮಾರು 1,350 ಚದರ ಕಿಲೋಮೀಟರ್.’

‘ಅಷ್ಟೇನಾ! ಅದು ತಾಲ್ಲೂಕು ಬಿಡು.’

ಮುಂದಿನ ತಿಂಗಳು ಚಿಕ್ಕಮ್ಮ ಸಂಡಿಗೆ, ಮೆಂತ್ಯದ ಹಿಟ್ಟು ಕಳಿಸಿದರು. ವಿಳಾಸ ಬರೆದದ್ದು ಚಿಕ್ಕಪ್ಪ. ಪಹಣಿಯ ಅದೇ ದುಂಡು ಅಕ್ಷರ. ಇಂಗ್ಲಿಷ್ ವಿಳಾಸದ ಕೆಳಗೆ ಕನ್ನಡದಲ್ಲೂ ಒಂದು ಸಾಲು: ‘ಆಶ್ಬರ್ನ್, ಲೌಡನ್ ತಾಲ್ಲೂಕು.’ ಹನ್ನೊಂದು ದಿನಕ್ಕೆ ಬಂದು ಮುಟ್ಟಿತು. ಸಂಡಿಗೆ ಮಾತ್ರ ಪುಡಿಯಾಗಿತ್ತು.