ಅಡಿನಾಡಿನ ಪಂಚಾಂಗ

20 ಜುಲೈ 2025, ಭಾನುವಾರ

ಆಷಾಢ ಬಹುಳ ದಶಮಿ. ಇಷ್ಟು ಬರೆಯೋಕೆ ನಾನೇನೂ ಕಷ್ಟಪಡಬೇಕಾಗಿಲ್ಲ, ಅಡುಗೆಮನೆ ಗೋಡೆಯ ಕ್ಯಾಲೆಂಡರ್ ನೋಡಿದರಾಯಿತು. ಗುರುವಾರದ ಚೌಕದಲ್ಲಿ ಕಪ್ಪು ಬೊಟ್ಟು ಇದೆ, ಭೀಮನ ಅಮಾವಾಸ್ಯೆ. ಆದರೆ ನನ್ನ ಕತೆಯ ಜನಕ್ಕೆ ಆ ಬೊಟ್ಟು ತೋರಿಸಿ ಏನು ಪ್ರಯೋಜನ? ಅವರು ಚಂದ್ರನನ್ನು ನೋಡಿಯೇ ಇಲ್ಲ.

ಅವರಿಗೆ ಅಡಿನಾಡಿನವರು ಅಂತ ಹೆಸರಿಟ್ಟಿದ್ದೇನೆ. ನೆಲದಡಿಯ ಸುಣ್ಣಕಲ್ಲಿನ ಗುಹೆಗಳಲ್ಲಿ ಹತ್ತಾರು ತಲೆಮಾರಿನಿಂದ ಬದುಕುತ್ತಿರುವವರು. ಅವರ ಊಟ, ಬಟ್ಟೆ, ಬೈಗುಳ ಎಲ್ಲ ಬೇಗ ಹೊಳೆದವು. ಕಾಲದ ಲೆಕ್ಕ ಮಾತ್ರ ಮೂರು ವಾರದಿಂದ ಸತಾಯಿಸುತ್ತಿತ್ತು. ಸೂರ್ಯ ಇಲ್ಲ, ಹಾಗಾಗಿ ದಿನ ಇಲ್ಲ. ಚಂದ್ರ ಇಲ್ಲ, ತಿಂಗಳೂ ಇಲ್ಲ (ತಿಂಗಳು ಅನ್ನೋ ಪದವೇ ಚಂದ್ರನದು ಅಲ್ವಾ). ಇಲ್ಲಿ ಪುನರ್ವಸು ಮುಗಿದು ಪುಷ್ಯ ಮಳೆ ಹಿಡಿಯೋ ಹೊತ್ತು. ಅಲ್ಲಿ ಅದೂ ಇಲ್ಲ.

ಮೊದಲು ಸುಲಭದ ದಾರಿ ಹಿಡಿದಿದ್ದೆ. ಮಲಗಿ ಎದ್ದರೆ ಒಂದು ದಿನ, ಮುಗೀತು. ಆ ಯೋಜನೆಯನ್ನು ಕೆಡಿಸಿದವನು ಮಿಷೆಲ್ ಸಿಫ್ರ್. ಫ್ರಾನ್ಸಿನ ಈ ಭೂವಿಜ್ಞಾನಿ 1962ರಲ್ಲಿ ಆಲ್ಪ್ಸ್ ಬೆಟ್ಟದ ಒಂದು ಗುಹೆಯಲ್ಲಿ ಗಡಿಯಾರ ಇಲ್ಲದೆ ಎರಡು ತಿಂಗಳು ಒಬ್ಬನೇ ಇದ್ದ. ಸೆಪ್ಟೆಂಬರ್ 14ಕ್ಕೆ ಅವನನ್ನು ಹೊರಗೆ ಕರೆದಾಗ ಅವನ ಲೆಕ್ಕದಲ್ಲಿ ಇನ್ನೂ ಆಗಸ್ಟ್ 20. 25 ದಿನ ಎಲ್ಲೋ ಕಳೆದುಹೋಗಿದ್ದವು! ಸೆಕೆಂಡಿಗೊಂದರಂತೆ 120ರವರೆಗೆ ಎಣಿಸಪ್ಪಾ ಅಂದರೆ ಐದು ನಿಮಿಷ ಎಣಿಸಿದ್ದನಂತೆ. ಮಜಾ ಏನಂದರೆ, ತಲೆ ಲೆಕ್ಕ ತಪ್ಪಿದರೂ ಮೈ ಅಷ್ಟೊಂದು ತಪ್ಪಿರಲಿಲ್ಲ. ಸುಮಾರು ಇಪ್ಪತ್ನಾಲ್ಕೂವರೆ ಗಂಟೆಗೊಮ್ಮೆ ಮಲಗಿ ಏಳುತ್ತಿದ್ದ.

ಆ ಅರ್ಧ ಗಂಟೆಯೇ ನನ್ನ ತಲೆನೋವು. ದಿನಕ್ಕೆ ಅಷ್ಟು ಜಾರಿದರೆ 48 ದಿನಕ್ಕೆ ಒಂದು ಇಡೀ ದಿನ ಮಾಯ. ಅದೂ ಎಲ್ಲರೂ ಒಂದೇ ಸಮ ಜಾರಲ್ಲ. ಗಂಡ ಮಲಗೋ ಹೊತ್ತಿಗೆ ಹೆಂಡತಿ ಎದ್ದು ಒಲೆ ಹಚ್ಚುತ್ತಾಳೆ. ಸಂತೆಗೆ ಅರ್ಧ ಊರು ಬರುವಾಗ ಇನ್ನರ್ಧ ಗೊರಕೆ ಹೊಡೆಯುತ್ತಿರುತ್ತದೆ. ಊರು ಅಂತ ಇರಬೇಕಾದರೆ ಎಲ್ಲರಿಗೂ ಕೇಳಿಸುವ ಒಂದು ಸದ್ದು ಬೇಕು.

ಆಗ ದಾಂಡೇಲಿ ಹತ್ತಿರದ ಕವಳಾ ಗುಹೆ ನೆನಪಾಯಿತು. ತಲೆ ಬಗ್ಗಿಸಿಕೊಂಡು ಒಳಗೆ ಹೋದರೆ ಸುಣ್ಣದ ನೀರು ತೊಟ್ಟಿಕ್ಕಿ ತಾನಾಗಿ ಬೆಳೆದ ಲಿಂಗ. ಮೇಲೆ ಹಸುವಿನ ಕೆಚ್ಚಲಿನ ಹಾಗೆ ಇಳಿಬಿದ್ದ ಕಲ್ಲು. ನಾನು ಹೋದಾಗ ಹಿಂದಿದ್ದವರು ಮಾತು ನಿಲ್ಲಿಸಿದ ಕೂಡಲೇ ಆ ತೊಟ್ಟಿನ ಸದ್ದು ಕೇಳಿಸಿತ್ತು. ಟಪ್. ಆಮೇಲೆ ಇನ್ನೊಂದು ಯಾವಾಗ ಅಂತ ಕಾಯೋದು.

ಹಾಗಾಗಿ ಅಡಿನಾಡಿನ ಪಂಚಾಂಗ ಹೀಗೆ. ಊರ ನಡುವೆ ಒಂದು ತೊಟ್ಟು, ಅದರ ಕೆಳಗೆ ಕಲ್ಲಿನ ಬಟ್ಟಲು. ತುಂಬಿದರೆ ವಾಲಿ ಬಂಡೆಗೆ ಬಡಿಯುತ್ತದೆ, ಮತ್ತೆ ಎದ್ದು ನಿಲ್ಲುತ್ತದೆ. ಅದು ಒಂದು ಬಡಿತ. ಹನ್ನೆರಡು ಬಡಿತಕ್ಕೆ ಒಂದು ಸುತ್ತು. ನಮ್ಮ ಹಿರಿಯರ ಗಳಿಗೆ ಬಟ್ಟಲಿಗೆ ಇದು ದೂರದ ನೆಂಟ. ಅದಕ್ಕೆ ತಳದಲ್ಲಿ ತೂತು, ನೀರ ಮೇಲೆ ತೇಲಿಬಿಟ್ಟರೆ 24 ನಿಮಿಷಕ್ಕೆ ಮುಳುಗುತ್ತಿತ್ತು, ಅರವತ್ತು ಸಲ ಮುಳುಗಿದರೆ ಒಂದು ದಿನ.

ಹೊಸ ವರ್ಷ? ಮೇಲಿನ ಮುಂಗಾರು ಬಂಡೆಯೊಳಗೆ ಇಳಿದು ಒಣಗಿದ್ದ ತೊಟ್ಟುಗಳಿಗೆ ಮತ್ತೆ ಜೀವ ಬಂದ ಸುತ್ತು. ಯಾವಾಗ ಅಂತ ಯಾರೂ ಮುಂಚೆ ಹೇಳಲಾರರು. ಒಬ್ಬಟ್ಟಿಗೆ ಬೇಳೆ ನೆನೆಹಾಕೋದು ಹೇಗೋ, ಅವರೇ ನೋಡಿಕೊಳ್ಳಲಿ.

ನಿನ್ನೆ ರಾತ್ರಿ ಪರೀಕ್ಷೆಯನ್ನೂ ಮಾಡಿದೆ. ಬಚ್ಚಲಿನ ಸೋರುವ ನಲ್ಲಿ ಕೆಳಗೆ ಹಿತ್ತಾಳೆ ಚೊಂಬು ಇಟ್ಟೆ. ತುಂಬೋಕೆ 1 ಗಂಟೆ 48 ನಿಮಿಷ. ಬೆಳಿಗ್ಗೆ ಅದೇ ಚೊಂಬು, ಅದೇ ನಲ್ಲಿ, 1 ಗಂಟೆ 27 ನಿಮಿಷ! ವಾಷರ್ ಇನ್ನಷ್ಟು ಸವೆಯಿತೇನೋ ಅಂದುಕೊಂಡೆ. ಆಮೇಲೆ ಹೊಳೆಯಿತು, ಬೆಳಿಗ್ಗೆ ಆರಕ್ಕೆ ಅಮ್ಮ ಮೋಟಾರ್ ಹಾಕಿದ್ದಳು. ಟ್ಯಾಂಕ್ ತುಂಬಿದೆ, ಒತ್ತಡ ಜಾಸ್ತಿ, ತೊಟ್ಟು ಚುರುಕು. ಅಂದರೆ ನಮ್ಮ ಬಚ್ಚಲಿಗೆ ಮಳೆಗಾಲ ಬಂದಿತ್ತು.

ಗುಹೆಯಲ್ಲೂ ಹೀಗೇ ತಾನೆ? ಮಳೆಗಾಲದ ಸುತ್ತು ಗಿಡ್ಡ, ಬೇಸಿಗೆಯದು ಉದ್ದ. ಮೊದಲು ಬೇಜಾರಾಯಿತು, ಆಮೇಲೆ ಇರಲಿ ಅನ್ನಿಸಿತು. ಜಪಾನಿನಲ್ಲಿ 1873ರಲ್ಲಿ ಪದ್ಧತಿ ಬದಲಾಗುವ ತನಕ ಹಗಲನ್ನು ಆರು ಪಾಲು, ರಾತ್ರಿಯನ್ನು ಆರು ಪಾಲು ಮಾಡುತ್ತಿದ್ದರು. ಚಳಿಗಾಲದ ಹಗಲಿನ ಪಾಲು ಚಿಕ್ಕದು, ಬೇಸಿಗೆಯದು ದೊಡ್ಡದು. ಯಾರೂ ರೈಲು ತಪ್ಪಿಸಿಕೊಳ್ಳದೆ ಇದ್ದಷ್ಟು ಕಾಲ ನಡೆಯಿತು.

ಇದನ್ನೆಲ್ಲ ತಿಂಡಿ ಹೊತ್ತಿಗೆ ಅಮ್ಮನಿಗೆ ಹೇಳಿದೆ. ಅವಳು ದೋಸೆ ಮಗುಚುತ್ತಾ ಕೇಳಿದಳು, "ಅಲ್ಲ ಕಣೇ, ಯಾರಾದ್ರೂ ಸತ್ತರೆ ಹನ್ನೊಂದನೇ ದಿನ ಅಂತ ಹೇಗೆ ಎಣಿಸ್ತಾರೆ?"

"ಹನ್ನೊಂದು ಸುತ್ತು."

"ಮಳೆಗಾಲದಲ್ಲಿ ಬೇಗ ಮುಗಿದುಹೋಗುತ್ತೆ. ಬೇಸಿಗೆಯಲ್ಲಿ ಸತ್ತವರ ಮನೆಯೋರು?"

ನಾನು ಚಟ್ನಿಯಲ್ಲಿ ಬೆರಳಿಟ್ಟುಕೊಂಡು ಹಾಗೇ ಕೂತೆ. ಮೂರು ವಾರ ಸೆಕೆಂಡು, ನಿಮಿಷ ಅಂತ ಒದ್ದಾಡಿದ್ದೆ, ಇದು ತಲೆಗೇ ಬಂದಿರಲಿಲ್ಲ. ತೊಟ್ಟು ಬತ್ತುತ್ತಿರುವಾಗ ಗಂಡನನ್ನು ಕಳೆದುಕೊಂಡ ಒಬ್ಬಳು. ಹತ್ತು ಸುತ್ತು ಮುಗಿದಿದೆ. ಹನ್ನೊಂದನೆಯದರ ಕೊನೆಯ ಬಟ್ಟಲು ಮುಕ್ಕಾಲು ತುಂಬಿ ನಿಂತಿದೆ. ಒಲೆ ಹಚ್ಚೋ ಹಾಗಿಲ್ಲ, ನೆಂಟರು ಹೊರಡೋ ಹಾಗಿಲ್ಲ. ಕಾವಲಿನವನು ಅತ್ತ ತಿರುಗಿದಾಗ ಅವಳ ಮೈದುನ ತನ್ನ ಕುಡಿಯುವ ನೀರನ್ನು ಬಟ್ಟಲಿಗೆ ಸುರಿಯಬಹುದಾ?

ಕತೆ ಇಲ್ಲಿಂದ ಶುರು. ಹಳೆಯ ನಾಲ್ಕು ಪುಟ ಹರಿದುಹಾಕಿದೆ.

ಈಗ ಮಧ್ಯಾಹ್ನ ಮೂರು. ಬಚ್ಚಲಿಗೆ ಹೋಗಿ ನೋಡಿದರೆ ಚೊಂಬು ತೊಳೆದು ಮೇಲಿಟ್ಟಿದ್ದಾಳೆ, ನಲ್ಲಿ ಕೆಳಗೆ ದೊಡ್ಡ ಬಕೆಟ್ ಬಂದಿದೆ. ಒಂದು ದಿನ ಅಂದರೆ ಬಟ್ಟೆ ನೆನೆಹಾಕೋಕಾದರೂ ಸಾಲಬೇಕಂತೆ.